ಮಯ ಸೇಡು ತೀರಿಸಿಕೊಂಡನೇ?

ಪ್ರಶ್ನೆ: ಮಯಾಸುರನ ಬಗ್ಗೆ ನಮ್ಮ ಮನೆಯಲ್ಲಿ ದೊಡ್ಡ ವಾದವೇ ಆಗಿದೆ. ಖಾಂಡವವನ ಸುಟ್ಟ ಸಿಟ್ಟಿಗೆ ಅವನು ಬೇಕೆಂದೇ ಮೋಸದ ಅರಮನೆ ಕಟ್ಟಿಕೊಟ್ಟು ಪಾಂಡವರನ್ನು ಯುದ್ಧಕ್ಕೆ ದೂಡಿದ ಎಂದು ಮಗಳು ಎಲ್ಲೋ ಕೇಳಿಕೊಂಡು ಬಂದಿದ್ದಾಳೆ. ನಮ್ಮ ಭಾವನವರು ಇನ್ನೂ ಮುಂದೆ ಹೋಗಿ, ವಿಮಾನ ಮಾಡಿದ್ದೂ ಅವನೇ, ಮೆಕ್ಸಿಕೋದ ಮಾಯಾ ಜನ ಅವನ ವಂಶದವರೇ ಅನ್ನುತ್ತಾರೆ. ರಾವಣನ ಮಾವ, ಪಾಂಡವರ ಶಿಲ್ಪಿ, ಸೂರ್ಯಸಿದ್ಧಾಂತ ಪಡೆದವನು ಎಲ್ಲ ಒಬ್ಬನೇನಾ? ಸ್ವಲ್ಪ ವಿವರವಾಗಿ ತಿಳಿಸಿ. (ಓದುಗರೊಬ್ಬರು, ಶಿರಸಿ)

ಉತ್ತರ: ಮೊದಲು ಮಗಳ ವಾದವನ್ನೇ ನೋಡೋಣ. ಕಥೆಯ ತಿರುವಾಗಿ ಅದು ಚೆನ್ನಾಗಿದೆ. ಧಾರಾವಾಹಿಯವರ ಕೈಗೆ ಸಿಕ್ಕರೆ ಎರಡು ವಾರ ಎಳೆಯಬಹುದು. ಆದರೆ ವ್ಯಾಸಭಾರತವನ್ನು ಎದುರಿಗಿಟ್ಟುಕೊಂಡರೆ ನಿಲ್ಲುವುದಿಲ್ಲ.

ಆದಿಪರ್ವದ ಕೊನೆಯಲ್ಲಿ ಖಾಂಡವ ಉರಿಯುತ್ತಿದೆ. ತಕ್ಷಕನ ಮನೆಯಿಂದ ಒಬ್ಬ ಹೊರಗೆ ಓಡುತ್ತಾನೆ. ಅವನೇ ಮಯ, ನಮುಚಿಯೆಂಬ ಅಸುರನ ತಮ್ಮ. ಹಿಂದೆ ಬೆಂಕಿ, ಮುಂದೆ ಚಕ್ರ ಎತ್ತಿ ನಿಂತ ಕೃಷ್ಣ. ಅವನು ಕೂಗಿದ್ದು ಅರ್ಜುನನನ್ನು. ಅರ್ಜುನ ‘ಹೆದರಬೇಡ’ ಎಂದ. ಆ ಮಾತು ಬಾಯಿಂದ ಬಿದ್ದಮೇಲೆ ಕೃಷ್ಣನೂ ಕೊಲ್ಲಲಿಲ್ಲ, ಅಗ್ನಿಯೂ ಸುಡಲಿಲ್ಲ. ಆ ಕಾಡಿನಲ್ಲಿ ಉಳಿದದ್ದು ಒಟ್ಟು ಆರೇ ಜೀವ: ಮಯ, ತಕ್ಷಕನ ಮಗ ಅಶ್ವಸೇನ, ಶಾರ್ಙ್ಗಕವೆಂಬ ನಾಲ್ಕು ಹಕ್ಕಿಮರಿಗಳು.

ಖಾಂಡವದ ಸೇಡಿನ ಕಥೆ ಭಾರತದಲ್ಲಿ ಇದೆ. ಆದರೆ ಅದು ಮಯನದಲ್ಲ, ಅಶ್ವಸೇನನದು. ಅವನೇ ಮುಂದೆ ಕರ್ಣನ ಬಾಣ ಸೇರಿ ಅರ್ಜುನನ ಕೊರಳಿಗೆ ಬರುವವನು. ಕುಮಾರವ್ಯಾಸನ ಗಮಕ ಕೇಳಿದವರಿಗೆ, ಯಕ್ಷಗಾನದಲ್ಲಿ ಕರ್ಣಪರ್ವ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಒಂದೇ ಬೆಂಕಿಯಿಂದ ತಪ್ಪಿಸಿಕೊಂಡ ಇಬ್ಬರಲ್ಲಿ ಒಬ್ಬ ಹಗೆ ಹೊತ್ತುಕೊಂಡು ಹೋದ, ಇನ್ನೊಬ್ಬ ಋಣ ಹೊತ್ತುಕೊಂಡು ಬಂದ. ವ್ಯಾಸರು ಇಬ್ಬರಿಗೂ ಬೇರೆ ಬೇರೆ ಕೆಲಸ ಹಂಚಿದ್ದಾರೆ. ಅಶ್ವಸೇನನ ಪಾಲನ್ನು ಕಿತ್ತು ಮಯನಿಗೆ ಕೊಡುವುದು ನ್ಯಾಯವಲ್ಲ.

ಸಭಾಪರ್ವ ತೆರೆಯುವುದೇ ಆ ಋಣದ ಮಾತಿನಿಂದ. ಮಯ ಕೈಮುಗಿದು, ನಿನಗಾಗಿ ಏನಾದರೂ ಮಾಡಬೇಕು ಎನ್ನುತ್ತಾನೆ. ಅರ್ಜುನ ಒಪ್ಪುವುದಿಲ್ಲ. ಜೀವ ಉಳಿಸಿದ್ದಕ್ಕೆ ಪ್ರತಿಯಾಗಿ ಏನನ್ನೂ ಪಡೆಯಲಾರೆ ಎಂಬುದು ಅವನ ಹಟ. ಮಯನದೂ ಹಟವೇ. ‘ಅಹಂ ಹಿ ವಿಶ್ವಕರ್ಮಾ ವೈ ದಾನವಾನಾಂ ಮಹಾಕವಿಃ’, ದಾನವರ ವಿಶ್ವಕರ್ಮ ನಾನು, ಮಹಾಕವಿ ನಾನು ಎಂದು ತನ್ನ ಪರಿಚಯ ಹೇಳಿಕೊಳ್ಳುತ್ತಾನೆ. ಈ ‘ಕವಿ’ಗೆ ಪದ್ಯ ಬರೆಯುವವನು ಎಂದು ಅರ್ಥವಲ್ಲ, ಇನ್ನೂ ಇಲ್ಲದ್ದನ್ನು ಮೊದಲೇ ಕಾಣಬಲ್ಲವನು ಎಂದರ್ಥ. ಪೆಟ್ಟಿಗೆ ತೆರೆದು ಉಳಿ ಸುತ್ತಿಗೆ ತೋರಿಸುವ ಕೆಲಸಗಾರನ ಮಾತು ಇದಲ್ಲ. ನಮ್ಮಲ್ಲಿ ಅಸುರ ಪಾತ್ರ ಎಂದರೆ ಬಣ್ಣದ ವೇಷ, ಅಟ್ಟಹಾಸ ಎಂದೇ ರೂಢಿಯಾಗಿರುವುದರಿಂದ ಈ ಮನುಷ್ಯನ ಗಾಂಭೀರ್ಯ ಕಣ್ಣಿಗೆ ಬೀಳುವುದಿಲ್ಲ.

ಕೊನೆಗೆ ಅರ್ಜುನ, ಕೃಷ್ಣನಿಗೆ ಏನಾದರೂ ಮಾಡಿಕೊಡು, ಅದೇ ನನಗೆ ಮಾಡಿದಂತೆ ಎನ್ನುತ್ತಾನೆ. ಕೃಷ್ಣ ಸ್ವಲ್ಪ ಯೋಚಿಸಿ ಕೇಳಿದ್ದು ಯುಧಿಷ್ಠಿರನಿಗೊಂದು ಸಭೆಯನ್ನು, ಅಂದರೆ ಸಭಾಭವನವನ್ನು. ಎಂಥ ಸಭೆ? ನೋಡಿದ ಮನುಷ್ಯರು ಬೆರಗಾಗಬೇಕು, ಆದರೆ ಅದನ್ನು ನಕಲು ಮಾಡಲಾಗಬಾರದು. ದೇವ, ಅಸುರ, ಮಾನುಷ ಮೂರೂ ಬಗೆಯ ಕಲ್ಪನೆಗಳು ಅದರಲ್ಲಿ ಕಾಣಬೇಕು. ಇಲ್ಲಿ ಗಮನಿಸಿ: ಕಣ್ಣು ಕಟ್ಟುವ ಕಟ್ಟಡ ಬೇಕೆಂದು ಕೇಳಿದವನು ಕೃಷ್ಣ. ಮಯ ಅದನ್ನು ಮಾಡಿಕೊಟ್ಟ. ಸಭೆಯೇ ಕುತಂತ್ರ ಎನ್ನುವುದಾದರೆ ಮೊದಲ ಆರೋಪಿ ಬೇರೆಯವನಾಗುತ್ತಾನೆ!

ಆಮೇಲಿನ ಕೆಲಸದ ವಿವರಗಳು ನನಗೆ ಬಹಳ ಇಷ್ಟ. ಒಳ್ಳೆಯ ದಿನ ನೋಡಿ, ಬ್ರಾಹ್ಮಣರಿಗೆ ಪಾಯಸದ ಊಟ ಹಾಕಿಸಿ, ಎಲ್ಲ ಋತುಗಳಿಗೂ ಹಿತವಾದ ಜಾಗ ಆರಿಸಿ, ಸುತ್ತ ಹತ್ತು ಸಾವಿರ ಕಿಷ್ಕು ಅಳೆಯುತ್ತಾನೆ. ಕಿಷ್ಕುವನ್ನು ಮೊಳವೆಂದು ಹಿಡಿದು ಮೊಳಕ್ಕೆ ಒಂದೂವರೆ ಅಡಿ ಲೆಕ್ಕ ಹಾಕಿದರೂ 15,000 ಅಡಿ ಆಯಿತು. ಸಾಮಾನು ತರಲು ಅವನು ಹೋದದ್ದು ಕೈಲಾಸದ ಉತ್ತರಕ್ಕೆ, ಮೈನಾಕದ ಬಳಿಯ ಬಿಂದುಸರಸ್ಸಿಗೆ. ದಾನವರ ಅರಸ ವೃಷಪರ್ವನ ಸಭೆಗಾಗಿ ಹಿಂದೆ ಮಾಡಿಟ್ಟ ರತ್ನದ ಸರಕು ಅಲ್ಲಿ ಉಳಿದಿತ್ತು. ಭೀಮನಿಗೆ ಗದೆ, ಅರ್ಜುನನಿಗೆ ದೇವದತ್ತ ಶಂಖ ಬಂದದ್ದೂ ಅದೇ ಉಗ್ರಾಣದಿಂದ. ಹಳೆಯ ಮನೆಯ ತೊಲೆ ಕಂಬ ಬಿಚ್ಚಿ ತಂದು ಹೊಸ ಮನೆಗೆ ಹಾಕುವ ನಮ್ಮ ಮಲೆನಾಡಿನವರಿಗೆ ಇದು ಅರ್ಥವಾಗುತ್ತದೆ. ಸಭೆಯ ಕೆಲಸ ಹಿಡಿದದ್ದು ಹದಿನಾಲ್ಕು ತಿಂಗಳು. ಮಂತ್ರ ಹಾಕಿ ರಾತ್ರಿ ಬೆಳಗಾಗುವುದರೊಳಗೆ ಎಬ್ಬಿಸಿದ್ದಲ್ಲ. ಅದನ್ನು ಕಾಯಲು, ಬೇಕೆಂದರೆ ಹೊತ್ತೊಯ್ಯಲು ಎಂಟು ಸಾವಿರ ಕಿಂಕರ ರಾಕ್ಷಸರು.

ಒಳಗೊಂದು ಕೊಳ. ರತ್ನದ ಎಲೆ, ರತ್ನದ ತಾವರೆ, ಕೆಸರಿಲ್ಲದ ತಿಳಿನೀರು. ಇದರ ಬಗ್ಗೆ ಒಂದು ಶ್ಲೋಕ ಇದೆ, ಸಾಮಾನ್ಯವಾಗಿ ಯಾರೂ ಎತ್ತುವುದಿಲ್ಲ. ಕೆಲವು ರಾಜರು ಹತ್ತಿರ ಬಂದು, ಕಣ್ಣಾರೆ ಕಂಡರೂ ಅದು ನೀರೆಂದು ತಿಳಿಯದೆ ಬೀಳುತ್ತಿದ್ದರಂತೆ. ಅಂದರೆ ದುರ್ಯೋಧನ ಆ ಕೊಳಕ್ಕೆ ಬಿದ್ದವರಲ್ಲಿ ಮೊದಲನೆಯವನಲ್ಲ. ಎಷ್ಟೋ ಜನ ಬಿದ್ದಿದ್ದರು, ಎದ್ದಿದ್ದರು, ಬಹುಶಃ ನಕ್ಕು ಮನೆಗೆ ಹೋಗಿದ್ದರು. ಹೋಗಲಾಗದವನು ಅವನೊಬ್ಬ. ಬಲೆ ಹೆಣೆದದ್ದು ಅವನೊಬ್ಬನಿಗಾಗಿ ಎಂಬ ವಾದ ಇಲ್ಲಿಗೆ ಬಿದ್ದುಹೋಗುತ್ತದೆ.

ಅವನ ಪಾಡು ನಿಮಗೆ ಗೊತ್ತಿರುವುದೇ. ಸ್ಫಟಿಕದ ನೆಲವನ್ನು ನೀರೆಂದು ತಿಳಿದು ಉಟ್ಟದ್ದನ್ನು ಎತ್ತಿದ. ನೀರನ್ನು ನೆಲವೆಂದು ತಿಳಿದು ಬಿದ್ದ. ಬಾಗಿಲಲ್ಲಿ ಹಣೆ ಬಡಿದುಕೊಂಡ. ನಕ್ಕವರು ಯಾರು ಎಂಬಲ್ಲಿ ಮಾತ್ರ ಒಂದು ಸೂಕ್ಷ್ಮವಿದೆ. ಕಥೆ ಹೇಳುವ ವೈಶಂಪಾಯನರ ಮಾತಿನಲ್ಲಿ ನಗುವವರು ಭೀಮ, ಅರ್ಜುನ, ಅವಳಿ ತಮ್ಮಂದಿರು, ಆಳುಗಳು. ಧರ್ಮರಾಯ ಒಣಬಟ್ಟೆ ಕೊಡಿಸುತ್ತಾನೆ. ದ್ರೌಪದಿ ಹೆಂಗಸರ ಜೊತೆ ಸೇರಿ ನಕ್ಕಳು ಎಂಬುದು ಬರುವುದು ಆಮೇಲೆ, ದುರ್ಯೋಧನ ಅಪ್ಪನ ಮುಂದೆ ಹೊಟ್ಟೆಯುರಿ ತೋಡಿಕೊಳ್ಳುವಾಗ. ‘ಕುರುಡನ ಮಗ ಕುರುಡ’ ಎಂಬ ಮಾತನ್ನಂತೂ ವ್ಯಾಸರ ದ್ರೌಪದಿ ಆಡಿಯೇ ಇಲ್ಲ. ಅದು ಮುಂದಿನವರು ಅವಳ ಬಾಯಿಗೆ ತುರುಕಿದ್ದು.

ಇನ್ನೊಂದು ತಿದ್ದುಪಡಿ ಇಲ್ಲೇ ಹೇಳಿಬಿಡುತ್ತೇನೆ. ಇಂದ್ರಪ್ರಸ್ಥವೆಂಬ ಊರನ್ನು ಮಯ ಕಟ್ಟಲಿಲ್ಲ. ಖಾಂಡವ ಸುಡುವ ಮೊದಲೇ ಆ ಊರು ಇತ್ತು. ಅವನದು ಸಭೆ ಮಾತ್ರ. ಅರಗಿನ ಮನೆ ಪುರೋಚನನ ಕೆಲಸ. ಲಂಕೆ, ಪುಷ್ಪಕ ವಿಮಾನ ವಿಶ್ವಕರ್ಮನ ಕೈಯವು.

ಈಗ ನಿಮ್ಮ ಪ್ರಶ್ನೆ: ಎಲ್ಲ ಮಯಂದಿರೂ ಒಬ್ಬನೇನಾ?

ಕಶ್ಯಪ ಮತ್ತು ದನುವಿನ ಮಗ, ದಾನವ ಎಂಬಷ್ಟಕ್ಕೆ ಹೆಚ್ಚಿನವರು ಒಪ್ಪುತ್ತಾರೆ. ಮುಂದೆ ಹೋದರೆ ಲೆಕ್ಕ ಕೂಡುವುದಿಲ್ಲ. ಕಿಷ್ಕಿಂಧಾಕಾಂಡದಲ್ಲಿ ಸೀತೆಯನ್ನು ಹುಡುಕುತ್ತ ಹನುಮಂತನ ತಂಡ ಋಕ್ಷಬಿಲವೆಂಬ ಗುಹೆ ಹೊಕ್ಕು ದಾರಿ ತಪ್ಪುತ್ತದಲ್ಲ, ಅಲ್ಲಿನ ಚಿನ್ನದ ತೋಟ, ಚಿನ್ನದ ಮನೆಗಳು ಮಯನವು. ಆ ಗುಹೆಯನ್ನು ಕಾಯುವ ತಪಸ್ವಿನಿ ಸ್ವಯಂಪ್ರಭೆ ಹೇಳುವ ಪ್ರಕಾರ ಅವನು ತಪಸ್ಸು ಮಾಡಿ ಬ್ರಹ್ಮನಿಂದ ಶುಕ್ರಾಚಾರ್ಯರ ವಿದ್ಯಾಸಂಪತ್ತನ್ನೆಲ್ಲ ಪಡೆದ. ಹೇಮೆಯೆಂಬ ಅಪ್ಸರೆಗೆ ಮನಸೋತ. ಇಂದ್ರ ವಜ್ರಾಯುಧದಿಂದ ಅವನನ್ನು ಕೊಂದ. ಕಥೆ ಮುಗಿಯಿತು. ಆದರೆ ಅದೇ ರಾಮಾಯಣದ ಉತ್ತರಕಾಂಡದಲ್ಲಿ ಆಸಾಮಿ ಬದುಕಿದ್ದಾನೆ! ಹೆಂಡತಿ ಹೇಮೆ ದೇವಲೋಕಕ್ಕೆ ಹೋಗಿ ವರ್ಷಗಳಾದವು, ವಯಸ್ಸಿಗೆ ಬಂದ ಮಗಳ ಕೈಹಿಡಿದು ಕಾಡಿನಲ್ಲಿ ವರ ಹುಡುಕುತ್ತ ಅಲೆಯುತ್ತಿದ್ದಾನೆ. ಎದುರಿಗೆ ಸಿಕ್ಕವನು ರಾವಣ. ಹೀಗೆ ಮಂಡೋದರಿಯ ಮದುವೆಯಾಯಿತು. ಬಳುವಳಿಯಾಗಿ ಅಳಿಯನಿಗೆ ಕೊಟ್ಟ ಶಕ್ತ್ಯಾಯುಧವೇ ಮುಂದೆ ಲಕ್ಷ್ಮಣನನ್ನು ಕೆಡವಿದ್ದು. ಅಲ್ಲಿಂದ ಅವನು ದ್ವಾಪರಕ್ಕೆ ಬಂದು ತಕ್ಷಕನ ಮನೆಯಲ್ಲಿ ಇಳಿದುಕೊಂಡಿದ್ದ ಎಂದು ಕೂಡಿಸುವವರು ಕೂಡಿಸಲಿ. ನನಗೆ ಅದು ಒಬ್ಬನ ಜೀವನಚರಿತ್ರೆಯಂತೆ ಕಾಣುವುದಿಲ್ಲ. ಕಣ್ಣು ನಂಬದಂಥ ಕಟ್ಟಡ ಕಥೆಯಲ್ಲಿ ಬಂದಾಗಲೆಲ್ಲ ಅದರ ಬಾಗಿಲ ಮೇಲೆ ಕೆತ್ತುವ ಹೆಸರು ‘ಮಯ’.

ಅವನ ಅತಿ ದೊಡ್ಡ ನಿರ್ಮಾಣ ತ್ರಿಪುರ. ತಾರಕಾಸುರನ ಮೂವರು ಮಕ್ಕಳಿಗೆ ಮೂರು ಊರು: ಸ್ವರ್ಗದಲ್ಲಿ ಚಿನ್ನದ್ದು, ಅಂತರಿಕ್ಷದಲ್ಲಿ ಬೆಳ್ಳಿಯದು, ಭೂಮಿಯಲ್ಲಿ ಕಬ್ಬಿಣದ್ದು. ಒಂದೊಂದೂ ನೂರು ಯೋಜನ ಅಗಲ. ಸಾವಿರ ವರ್ಷಕ್ಕೊಮ್ಮೆ ಮೂರೂ ಕೂಡುವ ಗಳಿಗೆಯಲ್ಲಿ ಒಂದೇ ಬಾಣಕ್ಕೆ ಮಾತ್ರ ಅವು ಬೀಳಬೇಕು. ಶಿವ ತ್ರಿಪುರಾಂತಕನಾದ ಈ ಕಥೆ ಬಳ್ಳಿಗಾವಿಯ ತ್ರಿಪುರಾಂತಕ ದೇವಾಲಯದ ಹೆಸರಿನಲ್ಲಿ ನಿಮ್ಮ ಜಿಲ್ಲೆಯ ಪಕ್ಕದಲ್ಲೇ ನಿಂತಿದೆ. ಮಹಾಭಾರತದಲ್ಲಿ ಇದನ್ನು ಯಾರು ಹೇಳುತ್ತಾರೆ ಗೊತ್ತೇ? ದುರ್ಯೋಧನ! ಕರ್ಣಪರ್ವದಲ್ಲಿ ಶಲ್ಯನನ್ನು ಸಾರಥ್ಯಕ್ಕೆ ಒಪ್ಪಿಸಲು, ಶಿವನ ರಥವನ್ನು ಬ್ರಹ್ಮನೇ ಹೊಡೆಯಲಿಲ್ಲವೇ ಎಂದು ಈ ಕಥೆ ತೆಗೆಯುತ್ತಾನೆ. ಮಯನ ನೆಲದ ಮೇಲೆ ಮಾನ ಕಳೆದುಕೊಂಡವನು, ಮಯನ ಊರುಗಳು ಸುಟ್ಟು ಬೂದಿಯಾದುದನ್ನು ಎಷ್ಟು ರಸವತ್ತಾಗಿ ಬಣ್ಣಿಸುತ್ತಾನೆ ಎಂಬುದನ್ನು ಒಮ್ಮೆ ಓದಿ ನೋಡಬೇಕು.

ಭಾಗವತಕ್ಕೆ ಬಂದರೆ ತ್ರಿಪುರದಲ್ಲಿ ಸತ್ತವರನ್ನು ಬದುಕಿಸುವ ರಸದ ಬಾವಿಯನ್ನೂ ಮಯ ಮಾಡಿಟ್ಟಿರುತ್ತಾನೆ. ವಿಷ್ಣು ಹಸುವಾಗಿ, ಬ್ರಹ್ಮ ಕರುವಾಗಿ ಬಂದು ಅದನ್ನು ಕುಡಿದು ಬರಿದು ಮಾಡುತ್ತಾರೆ. ಕೃಷ್ಣನ ವೈರಿ ಸಾಲ್ವನಿಗೆ ಸೌಭವೆಂಬ ಹಾರುವ ಕಬ್ಬಿಣದ ಊರು ಮಾಡಿಕೊಟ್ಟವನೂ ಅವನೇ. ತ್ರಿಪುರ ಸುಟ್ಟ ಶಿವನೇ ಕೊನೆಗೆ ಅವನ ಕಾವಲಿಗೆ ನಿಲ್ಲುತ್ತಾನೆ. ‘ಮಾಯಾವಿಗಳ ಆಚಾರ್ಯ’ ಎಂಬ ಬಿರುದು ಹೊತ್ತು ಮಯ ತಲಾತಲವೆಂಬ ಕೆಳಲೋಕದಲ್ಲಿ ಇದ್ದಾನೆ.

ಆದರೆ ಯಂತ್ರ ಮಾಡುವ ಮಯನನ್ನು ನೋಡಬೇಕೆಂದರೆ ಪುರಾಣ ಬಿಟ್ಟು ಕಾಶ್ಮೀರಕ್ಕೆ ಹೋಗಬೇಕು. 11ನೇ ಶತಮಾನದಲ್ಲಿ ಸೋಮದೇವ ಬರೆದ ಕಥಾಸರಿತ್ಸಾಗರದಲ್ಲಿ ಮಯನಿಗೆ ಸೋಮಪ್ರಭೆ ಎಂಬ ಮಗಳಿದ್ದಾಳೆ. ಅವಳು ಗೆಳತಿ ಕಳಿಂಗಸೇನೆಗೆ ಆಟಕ್ಕೆಂದು ಒಂದು ಬುಟ್ಟಿ ತುಂಬ ಮರದ ಗೊಂಬೆ ತರುತ್ತಾಳೆ. ಕೀಲು ಒತ್ತಿದರೆ ಒಂದು ಗೊಂಬೆ ಹಾರಿಹೋಗಿ ಹೂಮಾಲೆ ತರುತ್ತದೆ. ಇನ್ನೊಂದು ನೀರು ತರುತ್ತದೆ. ಒಂದು ಕುಣಿಯುತ್ತದೆ, ಒಂದು ಮಾತಾಡುತ್ತದೆ. ಕಳಿಂಗಸೇನೆಗೆ ಊಟ ನಿದ್ದೆ ಮರೆತುಹೋಗುತ್ತದೆ. ಕೈಗೆ ಫೋನ್ ಸಿಕ್ಕ ಮಕ್ಕಳ ಹಾಗೆ ಅಂದುಕೊಳ್ಳಿ. ಸೋಮಪ್ರಭೆ ಅಪ್ಪನ ವಿದ್ಯೆಯನ್ನು ವಿಂಗಡಿಸಿಯೂ ಹೇಳುತ್ತಾಳೆ: ಭೂಮಿಯ ಯಂತ್ರ ಬಾಗಿಲು ಮುಚ್ಚುತ್ತದೆ, ಅದನ್ನು ತೆರೆಯಲು ಯಾರಿಂದಲೂ ಆಗದು. ನೀರಿನ ಯಂತ್ರ ಜೀವ ಇರುವಂತೆ ಕಾಣುತ್ತದೆ. ಬೆಂಕಿಯದು ಜ್ವಾಲೆ ಉಗುಳುತ್ತದೆ. ಗಾಳಿಯದು ಓಡಾಡುತ್ತದೆ. ಆಕಾಶದ್ದು ನುಡಿಯುತ್ತದೆ. ಅಮೃತ ಕಾಯುವ ಚಕ್ರಯಂತ್ರ ಮಾತ್ರ ಅಪ್ಪನಿಗಲ್ಲದೆ ಯಾರಿಗೂ ತಿಳಿಯದು.

ಕಸುಬಿನವರ ಈ ಗುಟ್ಟು ಕಥೆಯ ಹೊರಗೂ ಇತ್ತು. ಅದೇ ಶತಮಾನದಲ್ಲಿ ಧಾರಾನಗರದ ಭೋಜರಾಜನ ಸಮರಾಂಗಣಸೂತ್ರಧಾರದಲ್ಲಿ ಒಂದು ಅಧ್ಯಾಯವೇ ಯಂತ್ರಗಳ ಮೇಲಿದೆ. ಪಾದರಸದಿಂದ ಹಾರುವ ಮರದ ಹಕ್ಕಿಯೂ ಅಲ್ಲಿದೆ. ಜೋಡಿಸುವ ಕ್ರಮವನ್ನು ಹೇಳದಿರುವುದು ಗೊತ್ತಿಲ್ಲದ್ದರಿಂದಲ್ಲ, ಗುಟ್ಟು ಕಾಯಲಿಕ್ಕೆ ಎಂದು ಗ್ರಂಥಕಾರ ಸ್ಪಷ್ಟವಾಗಿ ಹೇಳಿಬಿಡುತ್ತಾನೆ. ಜಾಣ ಉತ್ತರ!

ಸೂರ್ಯಸಿದ್ಧಾಂತವೆಂಬ ಖಗೋಳಗಣಿತದ ಗ್ರಂಥದ ಮಯ ಬೇರೆಯೇ ಲೋಕದವನು. ಕೃತಯುಗ ಮುಗಿಯಲು ಸ್ವಲ್ಪವೇ ಉಳಿದಿರುವಾಗ ಮಯನೆಂಬ ಮಹಾಸುರ ಜ್ಯೋತಿಶ್ಶಾಸ್ತ್ರ ತಿಳಿಯಲು ಸೂರ್ಯನನ್ನು ಕುರಿತು ತಪಸ್ಸು ಮಾಡುತ್ತಾನೆ. ಸೂರ್ಯ ಒಲಿಯುತ್ತಾನೆ. ಆದರೆ ನನ್ನ ತೇಜಸ್ಸು ಯಾರಿಗೂ ತಡೆಯದು, ನನಗೆ ಬಿಡುವೂ ಇಲ್ಲ, ನನ್ನ ಅಂಶದ ಈ ಪುರುಷ ಹೇಳುತ್ತಾನೆ ಎಂದು ಹೊರಟುಬಿಡುತ್ತಾನೆ. ಆ ಹೆಸರಿನ ಸಿದ್ಧಾಂತ 6ನೇ ಶತಮಾನದ ವರಾಹಮಿಹಿರನಿಗೆ ಗೊತ್ತಿತ್ತು. ಈಗ ಸಿಗುವ ಪಾಠ ಆಮೇಲೆ ತಿದ್ದಿ ಬೆಳೆಸಿದ್ದು. ಅದರ ಪ್ರಕಾರ ವರ್ಷವೆಂದರೆ 365 ದಿನ 6 ಗಂಟೆ 12 ನಿಮಿಷ 36 ಸೆಕೆಂಡು. ಇಂದಿನ ನಾಕ್ಷತ್ರವರ್ಷದ ಲೆಕ್ಕಕ್ಕಿಂತ ಸುಮಾರು ಮೂರೂವರೆ ನಿಮಿಷ ಹೆಚ್ಚು, ಅಷ್ಟೆ. ಆ ಗಣಿತ ಹಿಡಿದ ಪಂಚಾಂಗಗಳು ನಮ್ಮಲ್ಲಿ ಇಂದಿಗೂ ನಡೆಯುತ್ತಿವೆ. ಆಕಾಶದಲ್ಲಿ ಕಾಣುವುದಕ್ಕೆ ಲೆಕ್ಕ ಹೊಂದಿಸಿಕೊಂಡ ದೃಗ್ಗಣಿತದವರಿಗೂ ಇವರಿಗೂ ಏಕಾದಶಿ ಒಂದು ದಿನ ಹಿಂದೆ ಮುಂದೆ ಆಗುವುದರ ಹಿಂದೆ ಮಯ ಕೂತಿದ್ದಾನೆ ಎಂದು ನಗೆಯಾಡಬಹುದು.

ಈ ಗ್ರಂಥದಲ್ಲಿ ಉಪಕರಣಗಳ ಭಾಗವಿದೆ. ತಳದಲ್ಲಿ ತೂತಿರುವ ತಾಮ್ರದ ಬಟ್ಟಲನ್ನು ಶುದ್ಧ ನೀರಿನ ಮೇಲೆ ಇಟ್ಟರೆ ಅದು ಹಗಲು ರಾತ್ರಿ ಸೇರಿ ಅರವತ್ತು ಸಲ ಮುಳುಗಬೇಕು. ಒಂದು ಮುಳುಗಿಗೆ 24 ನಿಮಿಷ. ಹಿಂದೆ ಮದುವೆ ಮನೆಯಲ್ಲಿ ಮುಹೂರ್ತಕ್ಕೆ ಇಡುತ್ತಿದ್ದ ಗಳಿಗೆ ಬಟ್ಟಲು ಇದೇ. ಜೊತೆಗೆ ನವಿಲು, ಕೋತಿ, ಮನುಷ್ಯನ ಆಕಾರದ ಕಾಲಯಂತ್ರಗಳು, ತಾನಾಗಿ ತಿರುಗುವ ಗೋಲ, ಅದಕ್ಕೆ ಪಾದರಸ, ನೀರು, ದಾರ, ಮರಳು. ಇದನ್ನೂ ಗುಟ್ಟಾಗಿಡು ಎಂದೇ ಹೇಳಿದೆ. ಸೋಮಪ್ರಭೆಯ ಬುಟ್ಟಿಯ ಗೊಂಬೆಗಳು ಪೂರಾ ಗಾಳಿಯಿಂದ ಹುಟ್ಟಿದವಲ್ಲ ಎಂದು ನನಗೆ ಅನಿಸುವುದು ಇಂಥ ಕಡೆ.

ಕೆಲವು ಹಸ್ತಪ್ರತಿಗಳಲ್ಲಿ ಸೂರ್ಯ ಮಯನಿಗೆ, ನಿನ್ನ ಊರಾದ ರೋಮಕಕ್ಕೆ ಹೋಗು, ಅಲ್ಲಿ ಮ್ಲೇಚ್ಛನಾಗಿ ಹುಟ್ಟಿ ನಿನಗೆ ಹೇಳುತ್ತೇನೆ ಎನ್ನುವ ಶ್ಲೋಕವಿದೆ. ಇದನ್ನು ಹಿಡಿದು 19ನೇ ಶತಮಾನದ ಜರ್ಮನ್ ವಿದ್ವಾಂಸ ಆಲ್ಬ್ರೆಖ್ಟ್ ವೆಬರ್, ಅಶೋಕನ ಶಾಸನದಲ್ಲಿ ಟಾಲೆಮಿ ಎಂಬ ಅರಸನ ಹೆಸರು ‘ತುರಮಯ’ ಎಂದಾಗಿದೆ, ಆದ್ದರಿಂದ ಅಸುರ ಮಯನೆಂದರೆ ಅಲೆಕ್ಸಾಂಡ್ರಿಯದ ಖಗೋಳಜ್ಞ ಟಾಲೆಮಿಯೇ ಎಂದು ಊಹಿಸಿದ. ಗ್ರೀಕರ ಗಣಿತ ಇಲ್ಲಿಗೆ ಬಂದದ್ದು ಸುಳ್ಳಲ್ಲ, ಆದರೆ ಹೆಸರಿನ ಬಾಲ ಹಿಡಿದು ಮನುಷ್ಯನನ್ನು ಎಳೆದು ತರಲಾಗುವುದಿಲ್ಲ. ಪಾಟಲಿಪುತ್ರದ ಕುಮ್ರಾಹಾರದಲ್ಲಿ ಜಮ್‌ಷೆಟ್‌ಜಿ ಟಾಟಾ ಅವರ ಮಗ ರತನ್ ಟಾಟಾ ಅವರ ಹಣದಿಂದ 1913ರಲ್ಲಿ ಅಗೆತ ಶುರುಮಾಡಿದ ಸ್ಪೂನರ್ ಸಾಹೇಬರು ಇನ್ನೂ ಒಂದು ಹೆಜ್ಜೆ ಮುಂದೆ. ಅಲ್ಲಿ ಸಿಕ್ಕ ನುಣುಪು ಕಂಬಗಳ ಮೌರ್ಯ ಮಂಟಪ ಪ್ರಾಚೀನ ಇರಾನಿನ ರಾಜಧಾನಿ ಪರ್ಸೆಪೊಲಿಸ್‌ನಂತಿದೆ, ಅಸುರ ಮಯ ಎಂದರೆ ಇರಾನಿಯರ ದೇವರು ಅಹುರ ಮಜ್ದಾ ಎಂದರು. ಇದನ್ನೂ ಪಂಡಿತರು ಒಪ್ಪಲಿಲ್ಲ. ಆದರೆ ಅದೇ ಊರಿಗೆ 5ನೇ ಶತಮಾನದಲ್ಲಿ ಬಂದಿದ್ದ ಚೀನೀ ಯಾತ್ರಿಕ ಫಾಹಿಯಾನ್, ಅಶೋಕನ ಅರಮನೆಯನ್ನು ಮನುಷ್ಯರಲ್ಲ ಭೂತಗಳೇ ಕಟ್ಟಿದ್ದು ಎಂದು ಬರೆದಿಟ್ಟಿದ್ದಾನೆ. ಕನ್ನಡಿಯಂತೆ ಹೊಳೆಯುವ ಕಲ್ಲು, ಕಟ್ಟಿದವರ ಹೆಸರು ಮರೆತ ಜನ, ಎರಡು ಕೂಡಿದರೆ ಅಲ್ಲೊಬ್ಬ ಅಸುರ ಹುಟ್ಟುತ್ತಾನೆ. ನಮ್ಮಲ್ಲೂ ಬೇಲೂರಿನ ಕಡೆದ ಕಂಬಗಳ ಮುಂದೆ ನಿಂತವರು ಇದು ಮನುಷ್ಯರ ಕೆಲಸವಲ್ಲ ಅನ್ನುವುದಿಲ್ಲವೇ?

ಕಸುಬಿನವರು ಅವನನ್ನು ಕಥೆಯೆಂದು ಬಿಡಲಿಲ್ಲ. ವರಾಹಮಿಹಿರನ ಬೃಹತ್ಸಂಹಿತೆಯಲ್ಲಿ ಗಾರೆ ಅಂಟುಗಳ ಅಧ್ಯಾಯವಿದೆ. ಅಲ್ಲಿ ಸೀಸ ಎಂಟು ಪಾಲು, ಕಂಚು ಎರಡು ಪಾಲು, ಹಿತ್ತಾಳೆ ಒಂದು ಪಾಲು ಸೇರಿಸಿದ ‘ವಜ್ರಸಂಘಾತ’ವನ್ನು ‘ಮಯ ಹೇಳಿದ ಯೋಗ’ ಎಂದೇ ಕೊಟ್ಟಿದ್ದಾನೆ. ಕರಗಿಸಿ ಎರೆದರೆ ಕಲ್ಲು ಕಲ್ಲನ್ನು ಹಿಡಿದುಕೊಳ್ಳುವ ಬೆಸುಗೆ. ಸ್ಫಟಿಕದ ಸಭೆಯಿಂದ ಸೀಸದ ಲೆಕ್ಕಕ್ಕೆ ಇಳಿದ ಮಯ ನನಗೆ ಹೆಚ್ಚು ಹತ್ತಿರದವನು. ‘ಮಯಮತ’ ಎಂಬ ವಾಸ್ತುಗ್ರಂಥವೂ ಅವನ ಹೆಸರಿನಲ್ಲೇ ಇದೆ. ಅದು ದಕ್ಷಿಣದ ಚೋಳರ ಕಾಲದ ಸುತ್ತಿನದು. ನೆಲದ ಪರೀಕ್ಷೆ, ಅಳತೆ, ಊರಿನ ಬೀದಿ, ದ್ರಾವಿಡ ಗುಡಿಯ ಅಂತಸ್ತುಗಳು, ವಿಗ್ರಹ, ರಥ, ಮಂಚದವರೆಗೆ 36 ಅಧ್ಯಾಯ. ಮಯ ಬರೆದದ್ದೇ ಎಂದರೆ ಇಲ್ಲ. ಶಿಲ್ಪಿಗಳ ಒಂದು ಪರಂಪರೆ ತನ್ನ ಮಾತಿಗೆ ಹಾಕಿಕೊಂಡ ಮುದ್ರೆ ಅದು.

ಭಾವನವರ ಮಾತಿಗೆ ಹೆಚ್ಚು ಹೊತ್ತು ಬೇಡ. ಮೆಕ್ಸಿಕೋದ ‘ಮಾಯಾ’ ಎಂಬ ಹೆಸರು ಯುಕಟಾನಿನ ಮಾಯಾಪಾನ್ ಎಂಬ ಊರಿನ ಹೆಸರಿನೊಂದಿಗೆ ಸೇರಿದ್ದು, ಸಂಸ್ಕೃತದ್ದಲ್ಲ. ಅವರ ಭಾಷೆ, ಲಿಪಿ, ಇಪ್ಪತ್ತರ ಮೇಲೆ ನಿಂತ ಎಣಿಕೆ ಎಲ್ಲ ಅಲ್ಲೇ ಬೆಳೆದವು. ಕನ್ಯಾಕುಮಾರಿಯ 133 ಅಡಿಯ ತಿರುವಳ್ಳುವರ್ ಪ್ರತಿಮೆಯ ಶಿಲ್ಪಿ ಗಣಪತಿ ಸ್ಥಪತಿಯವರೂ ಈ ನಂಟನ್ನು ನಂಬಿದ್ದರು. ಅವರ ಕೈಗೆ ಕೈ ಮುಗಿಯುತ್ತೇನೆ, ಈ ನಂಬಿಕೆಗೆ ಮಾತ್ರ ತಲೆ ಬಾಗದು. ಇನ್ನು ವಿಮಾನ. ವಾಟ್ಸಾಪಿನಲ್ಲಿ ಓಡಾಡುವ ವೈಮಾನಿಕಶಾಸ್ತ್ರವನ್ನು ಹೊರಿಸಿರುವುದು ಭರದ್ವಾಜರ ಮೇಲೆ, ಮಯನ ಮೇಲಲ್ಲ. ಅದನ್ನು ಹೇಳಿ ಬರೆಸಿದವರು 20ನೇ ಶತಮಾನದ ಆನೇಕಲ್ಲಿನ ಸುಬ್ಬರಾಯಶಾಸ್ತ್ರಿಗಳು. 1974ರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಐವರು ಅದರ ಚಿತ್ರಗಳನ್ನು ಲೆಕ್ಕಕ್ಕೆ ಹಚ್ಚಿ ನೋಡಿ, ಇವು ಹಾರುವಂಥವಲ್ಲ ಎಂದು ಬರೆದಿದ್ದಾರೆ.

ಮತ್ತೆ ಮಗಳಿಗೆ. ಆ ಸಭೆ ಕೊನೆಯ ಸಲ ಕಾಣಿಸಿಕೊಳ್ಳುವ ಜಾಗವನ್ನು ಅವಳಿಗೆ ತೋರಿಸಿ. ಅಶ್ವಮೇಧಿಕಪರ್ವದಲ್ಲಿದೆ. ಯುದ್ಧ ಮುಗಿದಿದೆ, ಹದಿನೆಂಟು ಅಕ್ಷೋಹಿಣಿ ಮಣ್ಣಾಗಿದೆ. ಕೃಷ್ಣಾರ್ಜುನರು ಇಂದ್ರಪ್ರಸ್ಥಕ್ಕೆ ಬಂದು ಆ ಚೆಲುವಾದ ಸಭೆ ಹೊಕ್ಕು ಸುತ್ತಾಡುತ್ತಾರೆ. ದ್ವಾರಕೆಗೆ ಹೊರಡುವ ಮೊದಲು ಇಬ್ಬರೇ ಮಾತಿಗೆ ಕೂತಿರುವಾಗ ಅರ್ಜುನ ಹೇಳುತ್ತಾನೆ: ಅಂದು ರಣರಂಗದಲ್ಲಿ ನೀನು ಹೇಳಿದ್ದೆಲ್ಲ ನನಗೆ ಮರೆತುಹೋಗಿದೆ, ಇನ್ನೊಮ್ಮೆ ಹೇಳು.